ಪದ ಬೇಕಾಗಿದೆ: 'ಲೈವ್' ಕೇಬಲ್ ಮತ್ತು ಫೈಬರ್ ತುಣುಕು

ಮಾನ್ಯರೆ,

ಒಂದೇ ಕಟ್ಟಡದೊಳಗೆ ವಿದ್ಯುತ್ ಕೇಬಲ್‌ಗಳನ್ನೂ ಆಪ್ಟಿಕಲ್ ಫೈಬರನ್ನೂ (ಬೆಳಕಿನ ಮೂಲಕ ಮಾಹಿತಿ ಸಾಗಿಸುವ ಗಾಜಿನ ಎಳೆ) ಎಳೆಯುವ ಕೆಲಸಗಾರರಿಗಾಗಿ ಒಂದು ಸುರಕ್ಷತಾ ಫಲಕವನ್ನು ಕನ್ನಡಕ್ಕೆ ತರುತ್ತಿದ್ದೇನೆ. ಸೋಮವಾರ ಅದು ಮುದ್ರಣಕ್ಕೆ ಹೋಗಬೇಕು. ಒಳಗೆ ವಿದ್ಯುತ್ತೋ ಬೆಳಕೋ ಇದೆ ಎನ್ನಲು ಮೂಲದಲ್ಲಿ ಎರಡಕ್ಕೂ 'ಲೈವ್' ಎಂಬ ಒಂದೇ ಮಾತಿದೆ. ಶಾಲಾ ಪಠ್ಯದ 'ಸಜೀವ ತಂತಿ' ಸಾಕೇ, ಅಥವಾ 'ವಿದ್ಯುತ್ ಹರಿಯುತ್ತಿರುವ ತಂತಿ' ಎನ್ನಬೇಕೇ? ಫೈಬರನ್ನು ಕತ್ತರಿಸಿದಾಗ ಉದುರುವ ತುಣುಕುಗಳಿಗೆ 'ಗಾಜಿನ ಚೂರು' ಎಂದು ಬರೆದಿದ್ದೇನೆ. ಅದನ್ನೂ ನೋಡಿ ಹೇಳಿ.

* * *

'ಸಜೀವ' ಬೇಡ, ತಂತಿಗೆ ಜೀವವಿಲ್ಲ. 'ತಂತಿ'ಯೂ 'ತಂತ್ರಿ'ಯ ತದ್ಭವವೇ. ಮಿನುಗು, ಮಿಂಚು ಎಂಬ ಮಾತುಗಳಲ್ಲಿರುವ 'ಮಿನ್' ಧಾತು ಬೆಳಕಿಗೂ ಹೊಂದುತ್ತದೆ, ವಿದ್ಯುತ್ತಿಗೂ ಹೊಂದುತ್ತದೆ. ತಮಿಳರು ಇಂದಿಗೂ ಅದನ್ನೇ ಬಳಸುತ್ತಿದ್ದಾರೆ. ಎರಡೂ ಕೇಬಲ್‌ಗಳಿಗೆ 'ಮಿಂಚೆಳೆ' ಎಂದು ಬರೆಯಿರಿ, ಚರ್ಚೆ ಮುಗಿಯಿತು.

* * *

ಚರ್ಚೆ ಮುಗಿದಿಲ್ಲ. ಫೈಬರಿನಲ್ಲಿ ಸಾಮಾನ್ಯವಾಗಿ ಬಳಸುವ ಲೇಸರಿನ ತರಂಗಾಂತರ 1310 ಅಥವಾ 1550 ನ್ಯಾನೋಮೀಟರ್. ಅದು ಅವಕೆಂಪು ಕಿರಣವಾದ್ದರಿಂದ ಕಣ್ಣಿಗೆ ಕಾಣುವುದಿಲ್ಲ, ಕಾಣದ್ದರಿಂದ ರೆಪ್ಪೆಯೂ ತಾನಾಗಿ ಮುಚ್ಚಿಕೊಳ್ಳುವುದಿಲ್ಲ. ತುಂಡಾದ ಜಾಗವನ್ನು ಹುಡುಕಲು ಕೆಂಪು ಬೆಳಕನ್ನು ಹಾಯಿಸಿ ನೋಡಿ ರೂಢಿಯಾದ ಹುಡುಗನು 'ಮಿಂಚೆಳೆ' ಎಂಬ ಫಲಕವನ್ನು ಓದಿ, ಮಿಂಚುತ್ತಿಲ್ಲವಲ್ಲ ಎಂದುಕೊಂಡು ತುದಿಯನ್ನು ಸೂಕ್ಷ್ಮದರ್ಶಕಕ್ಕೆ ಹಿಡಿದರೆ ಬೆಳಕೆಲ್ಲ ನೇರವಾಗಿ ಅವನ ಕಣ್ಣಿಗೇ ಬೀಳುತ್ತದೆ. ಧಾತು ಎಷ್ಟೇ ಹಳೆಯದಾಗಿರಲಿ, ಈ ಫಲಕಕ್ಕೆ ಅದು ಅಪಾಯಕಾರಿ.

'ಹರಿಯುತ್ತಿರುವ' ಎಂಬುದೂ ತಪ್ಪು. ವಿದ್ಯುತ್ ತಂತಿಯ ಇನ್ನೊಂದು ತುದಿಯಲ್ಲಿ ಯಾವ ಯಂತ್ರವೂ ಓಡದಿದ್ದಾಗ ಅದರಲ್ಲಿ ಪ್ರವಾಹವಿರುವುದಿಲ್ಲ, ವೋಲ್ಟೇಜ್ ಮಾತ್ರ ಪೂರ್ತಿಯಾಗಿರುತ್ತದೆ. ಮುಟ್ಟಿದವನ ಮೈಯೇ ಹರಿಯುವ ದಾರಿಯಾಗುತ್ತದೆ. ಲೈನ್‌ಮನ್‌ಗಳು 'ಕರೆಂಟ್ ಇದೆ' ಎನ್ನುತ್ತಾರೆ, 'ಹರಿಯುತ್ತಿದೆ' ಎನ್ನುವುದಿಲ್ಲ. ಅವರ ಮಾತನ್ನೇ ಬರೆಯಿರಿ. ಆದರೆ 'ಕರೆಂಟ್ ಇಲ್ಲದಿದ್ದರೆ ಮುಟ್ಟಬಹುದು' ಎಂದು ಎಲ್ಲಿಯೂ ಬರೆಯಬೇಡಿ. ಲೈನ್ ಕ್ಲಿಯರ್ (ಲೈನನ್ನು ಬಂದ್ ಮಾಡಿ ಕೆಲಸಕ್ಕೆ ಕೊಡುವ ಅನುಮತಿ) ಸಿಕ್ಕಿದ ಮೇಲೂ ಉದ್ದನೆಯ ಕೇಬಲ್ ಚಾರ್ಜನ್ನು ಹಿಡಿದಿಟ್ಟುಕೊಂಡಿರಬಹುದು, ಮೆಗ್ಗರ್ (ಕೇಬಲ್ಲಿನ ನಿರೋಧಕ ಹೊದಿಕೆಯನ್ನು ಪರೀಕ್ಷಿಸುವ ಉಪಕರಣ) ಹಾಕಿ ನೋಡಿದ ಮೇಲಂತೂ ಹಿಡಿದಿಟ್ಟುಕೊಂಡೇ ಇರುತ್ತದೆ. ಅರ್ತ್ ಮಾಡಿ, ಅಂದರೆ ನೆಲಕ್ಕೆ ಜೋಡಿಸಿ, ಅದನ್ನು ಇಳಿಸಿದ ನಂತರವೇ ಕೈ ಹಾಕಬೇಕು.

* * *

ಕರೆಂಟ್, ಅರ್ತ್, ಮೆಗ್ಗರ್, ಲೈನ್ ಕ್ಲಿಯರ್: ಇನ್ನು ಕನ್ನಡ ಉಳಿದಿರುವುದು ವಿಭಕ್ತಿ ಪ್ರತ್ಯಯಗಳಲ್ಲಿ ಮಾತ್ರ. ಹೀಗೆ ಸಾಲ ಮಾಡುತ್ತ ಹೋದರೆ ಪದ ಕಟ್ಟುವ ಶಕ್ತಿಯೇ ನುಡಿಯಲ್ಲಿ ಉಳಿಯುವುದಿಲ್ಲ.

* * *

ಕಟ್ಟಿದ ಪದವನ್ನು ಬಳಸಿ ಬೆಳೆಸಲು ಪಠ್ಯಪುಸ್ತಕವಿದೆ, ಪತ್ರಿಕೆಯಿದೆ. ಹನ್ನೊಂದು ಸಾವಿರ ವೋಲ್ಟ್ ಇರುವ ಕೋಣೆಯ ಬಾಗಿಲು ಅದಕ್ಕೆ ತಕ್ಕ ಜಾಗವಲ್ಲ. 250 ವೋಲ್ಟ್‌ಗಿಂತ ಹೆಚ್ಚಿನ ಸ್ಥಾವರಗಳ ಅಪಾಯ ಸೂಚನೆಯಲ್ಲಿ ತಲೆಬುರುಡೆಯ ಚಿಹ್ನೆಯ ಜೊತೆಗೆ ಜಿಲ್ಲೆಯ ಭಾಷೆಯೂ ಇರಬೇಕೆಂದು ಕೇಂದ್ರ ವಿದ್ಯುತ್ ಪ್ರಾಧಿಕಾರದ ನಿಯಮಗಳು ಹೇಳುವುದು ಅಲ್ಲಿ ನಿಂತವನಿಗೆ ತಕ್ಷಣ ಅರ್ಥವಾಗಲಿ ಎಂದು.

ಪ್ರಶ್ನೆ ಕೇಳಿದವರಿಗೆ: 'ಲೈವ್' ಎಂಬುದನ್ನು ಒಂದೇ ಪದಕ್ಕೆ ಕಟ್ಟಿಹಾಕುವ ಹಟವನ್ನು ಬಿಡಿ. ವಿದ್ಯುತ್ ಕೇಬಲ್ಲಿಗೆ 'ಕರೆಂಟ್ ಇದೆ, ಮುಟ್ಟಬೇಡಿ' ಎಂದೂ, ಫೈಬರಿಗೆ 'ಕಣ್ಣಿಗೆ ಕಾಣದ ಲೇಸರ್ ಇದೆ, ತುದಿಯೊಳಗೆ ನೋಡಬೇಡಿ' ಎಂದೂ ಬೇರೆ ಬೇರೆಯಾಗಿ ಬರೆಯಿರಿ. 'ಗಾಜಿನ ಚೂರು' ಎಂದರೆ ಒಡೆದ ಬಾಟಲಿ ನೆನಪಾಗುತ್ತದೆ. ಇದು 125 ಮೈಕ್ರೋಮೀಟರ್ ದಪ್ಪದ, ಬಣ್ಣವಿಲ್ಲದ ಎಳೆಯ ತುಣುಕು; ಬಿದಿರಿನದರಂತೆ ಚರ್ಮದೊಳಗೆ ಹೊಕ್ಕು ಮುರಿಯುತ್ತದೆ, ಊಟದ ಕೈಗೆ ಅಂಟಿ ಹೊಟ್ಟೆಗೂ ಸೇರುತ್ತದೆ. ಅದಕ್ಕೆ ನಮ್ಮಲ್ಲಿ 'ಸಿಬಿರು' ಎಂಬ ಮಾತಿದೆ. 'ಗಾಜಿನ ಸಿಬಿರನ್ನು ಕೈಯಿಂದ ಗುಡಿಸಬೇಡಿ. ಅಂಟುಪಟ್ಟಿಯಿಂದ ಎತ್ತಿ ಮುಚ್ಚಳದ ಡಬ್ಬಿಗೆ ಹಾಕಿ' ಎಂದು ಬರೆದರೆ ಸಾಕು. ಇದಾದರೂ ಅಚ್ಚಗನ್ನಡವೇ ಆದ್ದರಿಂದ ಮೇಲಿನವರು ಆಕ್ಷೇಪಿಸಲಾರರೆಂದು ಭಾವಿಸುತ್ತೇನೆ.