ದೊಡ್ಡಪ್ಪನ ಫಾರ್ವರ್ಡು, ನೀಲಿ ಕಣ್ಣಿನ ಹೀರೋ

ಬೀದರ್ ದೊಡ್ಡಪ್ಪ: (ಫಾರ್ವರ್ಡ್) ‘ನಮ್ಮ ಬೀದರಿಗೆ ಬಂದ ರಷ್ಯನ್ ಯಾತ್ರಿಕನ ಪಾತ್ರ ಮಾಡಿ, ನರ್ಗೀಸ್ ಜೊತೆ ನಟಿಸಿದ ಒಲೆಗ್ ಸ್ತ್ರಿಝೆನೊವ್. ಒಂದೇ ಸಿನಿಮಾ ಮಾಡಿ ಕಣ್ಮರೆಯಾದ!’

ಬೀದರ್ ದೊಡ್ಡಪ್ಪ: ‘ಪರದೇಸಿ’ ನಮ್ಮಪ್ಪ ನೋಡಿದ್ರು. ಎಂಥಾ ಚಂದ ಹುಡುಗ. ಪಾಪ, ಮುಂದ ಏನಾದನೋ.

ನಾನು: ಕಣ್ಮರೆ ಎಲ್ಲಿ ಆದ್ರು ದೊಡ್ಡಪ್ಪ? ‘ಪರದೇಸಿ’ 1957ರದ್ದು. 1955ರಲ್ಲೇ ‘ಓವೋದ್’ ಅನ್ನೋ ಸಿನಿಮಾ ಬಂದು ರಷ್ಯಾದಲ್ಲಿ ಮನೆಮಾತಾಗಿದ್ರು. ಅದಕ್ಕೆ ರಷ್ಯಾದ ಹೆಸರಾಂತ ಸಂಗೀತಗಾರ ಶೋಸ್ತಕೋವಿಚ್ ಸಂಗೀತ. 1988ರಲ್ಲಿ ಸೋವಿಯತ್ ಒಕ್ಕೂಟದ ಜನತಾ ಕಲಾವಿದ ಅನ್ನೋ ಬಿರುದು ಬಂತು. ತೀರಿಕೊಂಡಿದ್ದು 2025ರ ಫೆಬ್ರವರಿಯಲ್ಲಿ, 95 ತುಂಬಿತ್ತು.

ಮೈಸೂರು ಚಿಕ್ಕಪ್ಪ: ಇರಬಹುದಮ್ಮ. ಆದ್ರೆ ರೂಪ ಬಿಟ್ರೆ ಏನಿತ್ತು? ಆ ಕಾಲದ ಅಲ್ಲಿಯ ಸಿನಿಮಾ ಅಂದ್ರೆ ಕೆಂಪು ಸೈನಿಕ ಒಳ್ಳೆಯವ, ಎದುರಿನವ ದುಷ್ಟ. ಮುಗೀತು.

ನಾನು: ಇದನ್ನ ನಾನು ಒಪ್ಪಲ್ಲ. ‘ನಲವತ್ತೊಂದನೆಯವ’ ನೋಡಿ, 1956. ನಿರ್ದೇಶಕ ಚುಖ್ರಾಯ್, ಸ್ವತಃ ಎರಡನೇ ಮಹಾಯುದ್ಧದಲ್ಲಿ ಪ್ಯಾರಾಶೂಟ್ ಸೈನಿಕನಾಗಿದ್ದವರು. ಕ್ರಾಂತಿಯ ನಂತರದ ರಷ್ಯಾದ ಅಂತರ್ಯುದ್ಧದ ಕಥೆ. ಮರ್ಯುತ್ಕಾ ಕ್ರಾಂತಿಕಾರಿಗಳ ಕೆಂಪು ಸೇನೆಯವಳು, ಗುರಿ ತಪ್ಪದವಳು, 40 ಜನರನ್ನ ಹೊಡೆದಿದ್ದಾಳೆ. 41ನೆಯವನಿಗೆ ಇಟ್ಟ ಗುರಿ ತಪ್ಪುತ್ತೆ. ಕೆಂಪು ಸೇನೆಯ ಎದುರಾಳಿ ಬಿಳಿಸೇನೆಯ ಆ ಅಧಿಕಾರಿಯ ಪಾತ್ರವೇ ಸ್ತ್ರಿಝೆನೊವ್ ಅವರದ್ದು. ಸೆರೆಯಾಳನ್ನ ಸಾಗಿಸುವಾಗ ಬಿರುಗಾಳಿಗೆ ಸಿಕ್ಕಿ ಅರಲ್ ಸಮುದ್ರದ ದ್ವೀಪದಲ್ಲಿ ಇಬ್ಬರೇ ಉಳೀತಾರೆ. ಜ್ವರದಲ್ಲಿ ಬಿದ್ದವನನ್ನ ಅವಳು ಉಳಿಸಿಕೊಳ್ತಾಳೆ. ಅವನು ಅವಳಿಗೆ ರಾಬಿನ್ಸನ್ ಕ್ರೂಸೋ ಕಥೆ ಹೇಳ್ತಾನೆ. ‘ದುಷ್ಟ’ನ ಮುಖವಾ ಅದು, ನೀವೇ ಹೇಳಿ.

ಮೈಸೂರು ಚಿಕ್ಕಪ್ಪ: ಕೊನೆಗೆ ಹೊಡೀತಾಳೋ ಇಲ್ವೋ?

ನಾನು: ಹೊಡೀತಾಳೆ.

ಮೈಸೂರು ಚಿಕ್ಕಪ್ಪ: ಹಾಗಾದ್ರೆ ನಾನಂದಿದ್ದೇ ಆಯ್ತು. ಪಕ್ಷ ಗೆದ್ದಿತು, ಪ್ರೀತಿ ಸತ್ತಿತು.

ನಾನು: ಅವನ ಕಡೆಯವರ ದೋಣಿ ಬರುತ್ತೆ, ಅವನು ಖುಷಿಯಲ್ಲಿ ದಡಕ್ಕೆ ಓಡ್ತಾನೆ, ಇವಳು ನಿಲ್ಲು ಅಂತ ಕೂಗಿ ಗುಂಡು ಹಾರಿಸ್ತಾಳೆ. ಮುಂದಿನ ಕ್ಷಣ ನೀರಿಗೆ ಓಡಿ ಹೆಣ ತಬ್ಬಿಕೊಂಡು ‘ನನ್ನ ನೀಲಿ ಕಣ್ಣಿನವನೇ’ ಅಂತ ಗೋಳಾಡ್ತಾಳೆ. ಗೆದ್ದವಳ ಅಳುವಾ ಅದು? ಸ್ತ್ರಿಝೆನೊವ್ ಆ ಪಾತ್ರವನ್ನ ಒಂದು ಕೂದಲೆಳೆಯಷ್ಟು ಖಳನ ಕಡೆ ವಾಲಿಸಿದ್ರೂ ಆ ಅಳು ನಮಗೆ ತಟ್ಟುತ್ತಲೇ ಇರಲಿಲ್ಲ. 1957ರಲ್ಲಿ ಕಾನ್ ಚಿತ್ರೋತ್ಸವದವರು ಸುಮ್ಮನೆ ವಿಶೇಷ ಬಹುಮಾನ ಕೊಡಲಿಲ್ಲ.

ಚಿಕ್ಕಮ್ಮ: ಕಥೆ ಕೇಳಿಯೇ ಸಂಕಟ ಆಯ್ತು ಕಣೇ.

ಬೀದರ್ ದೊಡ್ಡಪ್ಪ: ನಮ್ಮ ಬೀದರ್ ಬಿಟ್ಟೇ ಬಿಟ್ರಲ್ಲ ಎಲ್ಲಾರೂ. ಆ ಯಾತ್ರಿಕ ಅಫನಾಸಿ ನಿಕಿತಿನ್ ಇಲ್ಲಿಗೆ ಬಂದಿದ್ದಂತೂ ಖರೆ ಅಲ್ಲೇನು?

ನಾನು: ಖರೇನೇ. 15ನೇ ಶತಮಾನ, ರಷ್ಯಾದ ತ್ವೇರ್ ಊರಿನ ವ್ಯಾಪಾರಿ. ಕುದುರೆ ತಂದು ಬೀದರಿನಲ್ಲೇ ಮಾರಿದ, ತನ್ನ ಟಿಪ್ಪಣಿಯಲ್ಲಿ ಬರೆದಿದ್ದಾನೆ. ನರ್ಗೀಸ್ ಮಾಡಿದ ಚಂಪಾ ಮಾತ್ರ ಸಿನಿಮಾದವರ ಕಲ್ಪನೆ.

ಬೀದರ್ ದೊಡ್ಡಪ್ಪ: ಸಿನಿಮಾದಾಗ ಬಹಮನಿ ಮಂತ್ರಿ ಮಹಮೂದ್ ಗವಾನ್ ಆಗಿದ್ದು ಪೃಥ್ವಿರಾಜ್ ಕಪೂರ್. ಗವಾನ್ ಕಟ್ಟಿಸಿದ ಆ ಒಂಟಿ ಮಿನಾರಿನ ಮದರಸಾ ಮುಂದೇ ನಾ ದಿನಾ ವಾಕಿಂಗ್ ಹೋಗ್ತೀನಿ. ಫಾರ್ವರ್ಡ್ ಅಳಿಸೀನಿ ತಂಗಿ. ‘ಕಣ್ಮರೆಯಾದ’ ಅನ್ನೋದು ತಗದು, ನೀ ಬರದದ್ದು ಹಾಕಿ ವಾಕಿಂಗ್ ಗುಂಪಿಗೆ ಕಳಸ್ತೀನಿ.

ಮೈಸೂರು ಚಿಕ್ಕಪ್ಪ: ಏನೇ ಹೇಳು, ಗುಂಡು ಹಾರಿಸಿದವಳು ಅವಳೇ. ನಾನು ಬಿಡಲ್ಲ.

ನಾನು: ಬಿಡಬೇಡಿ ಚಿಕ್ಕಪ್ಪ. ಮೊದಲು ನೋಡಿ.