ಸಹಾಯ ಬೇಕು: ಶೂಟೌಟ್ ಗೋಲು ಲೆಕ್ಕಕ್ಕೆ ಬರುತ್ತಾ?

ಎಲ್ರಿಗೂ ನಮಸ್ಕಾರ. ನಾವಿರೋದು ಒಟ್ಟಾವಾದಲ್ಲಿ. 2025ರ ವಿಶ್ವ ಜೂನಿಯರ್ ಐಸ್ ಹಾಕಿ ಇಲ್ಲೇ ನಡೀತಲ್ಲ, ಅದರ ಅಂಕಪಟ್ಟೀನ ಮಗಳು ಶಾಲೆಯ ಗಣಿತ ಪ್ರಾಜೆಕ್ಟ್‌ಗೆ ಬರೀತಿದ್ದಾಳೆ. ನನಗೋ ಕ್ರಿಕೆಟ್ ಬಿಟ್ರೆ ಬೇರೆ ಆಟದ ಗಂಧಗಾಳಿ ಇಲ್ಲ.

60 ನಿಮಿಷದೊಳಗೆ ಗೆದ್ರೆ 3 ಅಂಕ, ಓವರ್‌ಟೈಮ್ (ಸಮ ಆದ್ರೆ ಆಡೋ ಹೆಚ್ಚುವರಿ ಸಮಯ) ಇಲ್ಲಾ ಶೂಟೌಟ್‌ನಲ್ಲಿ (ಆಗಲೂ ಸಮ ಇದ್ರೆ ಆಟಗಾರರು ಒಬ್ಬೊಬ್ಬರಾಗಿ ಗೋಲಿಗೆ ಹೊಡೆಯೋದು) ಗೆದ್ರೆ 2, ಹಾಗೆ ಸೋತವರಿಗೂ 1. ಇಷ್ಟು ಹೇಗೋ ತಿಳ್ಕೊಂಡ್ವಿ. ಗುಂಪಿನ ನಾಲ್ಕು ಪಂದ್ಯ ಕೂಡಿದ್ರೆ ಕೆನಡಾಕ್ಕೆ 7 ಅಂಕ, ತಾಳೆ ಆಯ್ತು.

ಸಿಕ್ಕಿಹಾಕ್ಕೊಂಡಿರೋದು ಗೋಲಿನ ಲೆಕ್ಕದಲ್ಲಿ. ಲಾಟ್ವಿಯಾ ಪಂದ್ಯ 2-2 ಆಗಿ, ಶೂಟೌಟ್‌ನಲ್ಲಿ ಕೆನಡಾ ಸೋತಿತು. ಫಲಿತಾಂಶ ಮಾತ್ರ 3-2 ಅಂತಿದೆ. ನಾಲ್ಕು ಪಂದ್ಯದಲ್ಲಿ ಕೆನಡಾ ಹೊಡೆದ ಗೋಲು, ಬಿಟ್ಟುಕೊಟ್ಟ ಗೋಲು ಮಗಳು ಕೂಡಿದ್ರೆ 10-7, ನಾನು ಕೂಡಿದ್ರೆ 10-6! ಅಳಿಸಿ ಅಳಿಸಿ ಹಾಳೆ ತೂತು ಬಿದ್ದಿದೆ.

ಆ ಶೂಟೌಟ್ ಗೋಲನ್ನ ಗೋಲು ವ್ಯತ್ಯಾಸಕ್ಕೆ ಸೇರಿಸಬೇಕೋ, ಬಿಡಬೇಕೋ? ಗೊತ್ತಿರೋರು ಹೇಳಿ, ನಾಳೇನೇ ಕೊಡಬೇಕು.