ಕಪ್ ಕಾರ್: ಗೇರ್ ಇಳಿಸಿದಾಗ ಹಿಂಬದಿ ಜಾರೋದ್ಯಾಕೆ?

ಪ್ರಶ್ನೆ: ಸಿಮ್‌ನಲ್ಲಿ (ರೇಸಿಂಗ್ ಸಿಮ್ಯುಲೇಟರ್ ಆಟ) ಪೋರ್ಷೆ 992 ಜಿಟಿ3 ಕಪ್ ರೇಸ್ ಕಾರು, ಇಟಲಿಯ ಮೊನ್ಜಾ ಟ್ರ್ಯಾಕ್‌ನ ಮೊದಲ ಶಿಕೇನ್ (ವೇಗ ತಗ್ಗಿಸೋ ಅಂಕುಡೊಂಕು ತಿರುವು). ಆರರಿಂದ ಎರಡಕ್ಕೆ ಇಳಿಸುವಾಗ ಹಿಂದಿನ ಚಕ್ರ ಲಾಕ್ ಆಗಿ ಕಾರು ಗಿರಕಿ ಹೊಡೆಯುತ್ತೆ. ಬ್ರೇಕ್ ಬಯಸ್ (ಮುಂದಿನ-ಹಿಂದಿನ ಚಕ್ರಗಳ ನಡುವೆ ಬ್ರೇಕ್ ಬಲದ ಹಂಚಿಕೆ) ಮುಂದಕ್ಕೆ ಹಾಕಿದರೆ ಸಾಕಾ?

ಉತ್ತರ 1: ಸಾಕಾಗಲ್ಲ ಗುರು. ವೇಗ ಇಳಿಯೋ ಮೊದಲೇ ಗೇರ್ ಇಳಿಸೋ ಪ್ಯಾಡಲ್ ಪಟಪಟ ಎಳೆದರೆ ಇಂಜಿನ್ ಬ್ರೇಕಿಂಗ್ ಪೂರ್ತಿ ಹಿಂದಿನ ಚಕ್ರಗಳ ಮೇಲೇ ಬೀಳುತ್ತೆ. ಮೊದಲು ಬ್ರೇಕ್ ಗಟ್ಟಿಯಾಗಿ ತುಳಿ. ಇಂಜಿನ್ ವೇಗದ ಸೂಜಿ 6,500 ಆರ್‌ಪಿಎಂ (ನಿಮಿಷಕ್ಕೆ ಸುತ್ತು) ಹತ್ತಿರ ಇಳಿದಮೇಲೆ ಒಂದೊಂದೇ ಗೇರ್ ಇಳಿಸು. ಎರಡಕ್ಕೆ ಹೋಗುವಾಗ ಇನ್ನೂ ಕಾಯಿ, 6,000 ಸಾಕು. ಅಷ್ಟರಲ್ಲಿ ಸ್ಟಿಯರಿಂಗ್ ನೇರವಾಗಿರಲಿ.

ಉತ್ತರ 2: ಬಯಸ್ ಅರ್ಧರ್ಧ ಶೇಕಡಾ ಮಾತ್ರ ಸರಿಸಿ ನೋಡಿ. ಅತಿಯಾದರೆ ಮುಂದಿನ ಟೈರ್ ಲಾಕ್ ಆಗಿ ಒಂದೇ ಜಾಗದಲ್ಲಿ ಸವೆದು ಚಪ್ಪಟೆಯಾಗುತ್ತೆ, ಆಮೇಲೆ ಇಡೀ ರೇಸ್ ಸ್ಟಿಯರಿಂಗ್ ನಡುಗ್ತಾನೇ ಇರುತ್ತೆ. ಅಂದಹಾಗೆ, ಗೇರ್ ಏರಿಸುವಾಗ 8,750ರ ಲಿಮಿಟರ್‌ಗೆ (ಇಂಜಿನ್ ಅದಕ್ಕಿಂತ ಜೋರಾಗಿ ತಿರುಗದಂತೆ ತಡೆಯೋ ಮಿತಿ) ಗುದ್ದಬೇಡಿ. ಗರಿಷ್ಠ ಶಕ್ತಿ 8,400ಕ್ಕೇ ಸಿಗುತ್ತೆ.